ಬೂಟು ಕಳಚಿದ ಮೇಲೆ ಮೈಕು: ಗ್ಯಾರಿ ಲಿನೆಕರ್ ಕಲಿತ ಎರಡನೇ ಕಸುಬು

1992ರ ಜೂನ್ 17. ಸ್ವೀಡನ್ನಿನ ಸೋಲ್ನಾ ಪಟ್ಟಣದಲ್ಲಿ ಯುರೋಪಿಯನ್ ಚಾಂಪಿಯನ್‌ಷಿಪ್ ಪಂದ್ಯ. ಇಂಗ್ಲೆಂಡ್ ಮತ್ತು ಆತಿಥೇಯ ಸ್ವೀಡನ್ 1–1ರಲ್ಲಿ ಸಮವಾಗಿ ನಿಂತಿದ್ದವು. ಅರವತ್ತೆರಡನೇ ನಿಮಿಷದಲ್ಲಿ ಇಂಗ್ಲೆಂಡ್ ತರಬೇತುದಾರ ಗ್ರಹಾಂ ಟೇಲರ್ ತಮ್ಮ ನಾಯಕನನ್ನೇ ಹೊರಗೆ ಕರೆಸಿಕೊಂಡು ಅಲನ್ ಸ್ಮಿತ್ ಅವರನ್ನು ಒಳಗೆ ಕಳಿಸಿದರು. ಹೊರಗೆ ನಡೆದ ಆ ನಾಯಕ ಗ್ಯಾರಿ ಲಿನೆಕರ್. ದೇಶಕ್ಕಾಗಿ ಆಡಿದ 80 ಪಂದ್ಯಗಳಲ್ಲಿ ಅವರು ಹೊಡೆದದ್ದು 48 ಗೋಲು. ಬಾಬಿ ಚಾರ್ಲ್ಟನ್ ಹೆಸರಿನಲ್ಲಿದ್ದ 49 ಗೋಲುಗಳ ದಾಖಲೆ ಒಂದೇ ಗೋಲಿನ ಅಂತರದಲ್ಲಿ ಉಳಿದುಹೋಯಿತು. ಇಂಗ್ಲೆಂಡ್ 2–1ರಿಂದ ಸೋತು ಟೂರ್ನಿಯಿಂದ ಹೊರಬಿತ್ತು. ಲಿನೆಕರ್ ಮತ್ತೆ ದೇಶದ ಅಂಗಿ ತೊಡಲಿಲ್ಲ. ಆಗ ಅವರ ವಯಸ್ಸು 31.

ಬೇರೆ ಯಾವ ವೃತ್ತಿಯಲ್ಲೂ ಮೂವತ್ತೊಂದು ಎಂದರೆ ಇನ್ನೂ ಏಳಿಗೆಯ ಕಾಲ. ಫುಟ್‌ಬಾಲ್‌ನಲ್ಲಿ ಅದು ಮುಗಿಯುವ ಹೊತ್ತು. ಮಂಡಿ, ಹಿಮ್ಮಡಿ, ಸೊಂಟ ಇವುಗಳಲ್ಲಿ ಯಾವುದಾದರೂ ಒಂದು ಕೈಕೊಡುತ್ತದೆ. ಹದಿನಾರನೇ ವಯಸ್ಸಿನಿಂದ ಚೆಂಡು ಬಿಟ್ಟು ಬೇರೇನನ್ನೂ ಕಲಿಯದ ಮನುಷ್ಯ, ಇನ್ನೂ ಮೂವತ್ತು ವರ್ಷಗಳ ದುಡಿಮೆ ಬಾಕಿ ಇರುವಾಗ ನಿರುದ್ಯೋಗಿಯಾಗುತ್ತಾನೆ.

ಹಿಂದಿನವರು ಈ ಪ್ರಶ್ನೆಗೆ ಕಂಡುಕೊಂಡ ಉತ್ತರಗಳನ್ನು ಈಗ ನೆನೆದರೆ ಆಶ್ಚರ್ಯವಾಗುತ್ತದೆ. 1966ರಲ್ಲಿ ಇಂಗ್ಲೆಂಡ್ ವಿಶ್ವಕಪ್ ಗೆದ್ದಾಗ ಫೈನಲ್‌ನಲ್ಲಿ ಮೂರು ಗೋಲು ಹೊಡೆದ ಜೆಫ್ ಹರ್ಸ್ಟ್ ಮುಂದೆ ವಿಮಾ ವ್ಯವಹಾರಕ್ಕೆ ಹೋದರು. ಅದೇ ತಂಡದ ಎಡಬದಿಯ ರಕ್ಷಕ ರೇ ವಿಲ್ಸನ್ ಶವಸಂಸ್ಕಾರದ ವ್ಯವಸ್ಥೆ ಮಾಡುವ ಅಂಗಡಿ ನಡೆಸಿದರು. ನಾಯಕ ಬಾಬಿ ಮೂರ್ ಕೊನೆಯ ದಿನಗಳಲ್ಲಿ ಲಂಡನ್ನಿನ ಕ್ಯಾಪಿಟಲ್ ಗೋಲ್ಡ್ ರೇಡಿಯೋಗೆ ವೀಕ್ಷಕ ವಿವರಣೆ ಕೊಡುತ್ತಿದ್ದರು. ಕ್ಯಾನ್ಸರ್ ಮೈಯನ್ನೆಲ್ಲ ತಿಂದಿದ್ದಾಗಲೂ 1993ರ ಫೆಬ್ರುವರಿ 17ರಂದು ವೆಂಬ್ಲಿಯಲ್ಲಿ ಇಂಗ್ಲೆಂಡ್–ಸ್ಯಾನ್ ಮರಿನೋ ಪಂದ್ಯಕ್ಕೆ ಮೈಕಿನ ಮುಂದೆ ಕೂತರು. ಒಂದು ವಾರಕ್ಕೆ ತೀರಿಕೊಂಡರು. ವಿಶ್ವಕಪ್ ಎತ್ತಿ ಹಿಡಿದ ಏಕೈಕ ಇಂಗ್ಲಿಷ್ ಪುರುಷ ನಾಯಕನ ಕೊನೆಯ ಕೆಲಸ ಅದು.

ಮೈದಾನದಿಂದ ಸ್ಟುಡಿಯೋಗೆ ದಾರಿ ಕಡಿದವರಲ್ಲಿ ಮೊದಲಿಗೆ ನೆನೆಯಬೇಕಾದವರು ಜಿಮ್ಮಿ ಹಿಲ್. ಫುಲ್‌ಹ್ಯಾಂ ಕ್ಲಬ್ಬಿನ ಆಟಗಾರರಾಗಿದ್ದ ಹಿಲ್, ಆಟಗಾರರ ಸಂಘದ ಅಧ್ಯಕ್ಷರಾಗಿ ದೊಡ್ಡದೊಂದು ಹೋರಾಟ ಗೆದ್ದವರು. 1961ರವರೆಗೆ ಇಂಗ್ಲೆಂಡಿನಲ್ಲಿ ಎಂಥ ಆಟಗಾರನಿಗೂ ವಾರಕ್ಕೆ 20 ಪೌಂಡ್‌ಗಿಂತ ಹೆಚ್ಚು ಸಂಬಳ ಕೊಡುವಂತಿರಲಿಲ್ಲ. ಆ ಮಿತಿಯನ್ನು ಕಿತ್ತುಹಾಕಿಸಿದ್ದು ಅವರ ಮುಂದಾಳತ್ವ. ಆಮೇಲೆ ಕವೆಂಟ್ರಿ ಸಿಟಿಯನ್ನು ಮೊದಲ ದರ್ಜೆಗೆ ಏರಿಸಿದರು, ಅಲ್ಲಿಂದ ನೇರ ಟಿವಿಗೆ ಬಂದರು. 1970ರ ವಿಶ್ವಕಪ್ ವೇಳೆ ಐಟಿವಿ ಸ್ಟುಡಿಯೋದಲ್ಲಿ ಮಾಲ್ಕಂ ಆಲಿಸನ್, ಡೆರೆಕ್ ಡೂಗನ್, ಪ್ಯಾಟ್ ಕ್ರೆರಂಡ್, ಬಾಬ್ ಮೆಕ್‌ನ್ಯಾಬ್ ನಾಲ್ವರನ್ನೂ ಒಟ್ಟಿಗೆ ಕೂರಿಸಿ ಆಟದ ಬಗ್ಗೆ ಜಗಳವಾಡಿಸಿದ್ದು ಹಿಲ್ ಅವರಿದ್ದ ತಂಡ. ಅಲ್ಲಿಯವರೆಗೆ ಟಿವಿ ಆಟವನ್ನು ತೋರಿಸುತ್ತಿತ್ತು. ಅಲ್ಲಿಂದಾಚೆಗೆ ಆಟದ ಮೇಲಿನ ವಾದವನ್ನೂ ತೋರಿಸತೊಡಗಿತು. 1973ರಿಂದ 1988ರವರೆಗೆ ಹಿಲ್ ಬಿಬಿಸಿಯ ‘ಮ್ಯಾಚ್ ಆಫ್ ದ ಡೇ’ ಕಾರ್ಯಕ್ರಮದ ನಿರೂಪಕರಾಗಿದ್ದರು.

ಈ ಕಾರ್ಯಕ್ರಮದ ಬಗ್ಗೆ ಒಂದು ಮಾತು ಹೇಳಬೇಕು. 1964ರ ಆಗಸ್ಟ್ 22ರಂದು, ಲಿವರ್‌ಪೂಲ್ 3–2ರಿಂದ ಆರ್ಸೆನಲ್ ತಂಡವನ್ನು ಸೋಲಿಸಿದ ಪಂದ್ಯದೊಂದಿಗೆ ಶುರುವಾದದ್ದು. ಶನಿವಾರ ರಾತ್ರಿ, ಊಟ ಮುಗಿದ ಮೇಲೆ, ಆ ದಿನದ ಪಂದ್ಯಗಳ ಮುಖ್ಯ ಘಟ್ಟಗಳು, ನಡುನಡುವೆ ಮಾತು. ಅಷ್ಟೇ. ಆದರೆ ಮೂರು ತಲೆಮಾರುಗಳ ಇಂಗ್ಲಿಷ್ ಮನೆಗಳಲ್ಲಿ ಅದು ವಾರದ ಕಟ್ಟಳೆಯಾಗಿ ಹೋಯಿತು. ಅದರ ನಿರೂಪಕನ ಕುರ್ಚಿ ಎಂದರೆ ಕ್ರೀಡಾ ಪ್ರಸಾರದಲ್ಲಿ ಅದಕ್ಕಿಂತ ದೊಡ್ಡದಿಲ್ಲ. ಆ ಕುರ್ಚಿಗೆ ಲಿನೆಕರ್ ಬಂದು ಸೇರಿದ ಬಗೆಯೇ ಈ ಲೇಖನದ ಮುಖ್ಯ ವಿಷಯ.

ಲಿನೆಕರ್ ಹುಟ್ಟಿದ್ದು 1960ರ ನವೆಂಬರ್ 30ರಂದು, ಲೆಸ್ಟರ್ ನಗರದಲ್ಲಿ. ಮನೆಯವರು ಲೆಸ್ಟರ್ ಮಾರುಕಟ್ಟೆಯಲ್ಲಿ ಹಣ್ಣು–ತರಕಾರಿ ಮಾರುತ್ತಿದ್ದರು. ಊರಿನ ತಂಡ ಲೆಸ್ಟರ್ ಸಿಟಿಯಲ್ಲಿ ಆಟ ಶುರು. ಎವರ್ಟನ್‌ನಲ್ಲಿ ಆಡಿದ ಒಂದೇ ಒಂದು ಋತುವಿನಲ್ಲಿ, 1985–86ರಲ್ಲಿ, ಎಲ್ಲ ಪಂದ್ಯಗಳೂ ಸೇರಿ 40 ಗೋಲು. ಅದೇ ಬೇಸಿಗೆಯಲ್ಲಿ ಮೆಕ್ಸಿಕೋ ವಿಶ್ವಕಪ್; ಪೋಲೆಂಡ್ ವಿರುದ್ಧ ಮೊದಲಾರ್ಧದಲ್ಲೇ ಮೂರು ಗೋಲು, ಒಟ್ಟು ಆರು, ಟೂರ್ನಿಯಲ್ಲಿ ಅತಿ ಹೆಚ್ಚು ಗೋಲು ಹೊಡೆದವರಿಗೆ ಸಿಗುವ ಚಿನ್ನದ ಬೂಟು. ಆಮೇಲೆ ಬಾರ್ಸಿಲೋನಾ, ಟಾಟನ್‌ಹ್ಯಾಂ, ಕೊನೆಗೆ ಜಪಾನಿನ ನಗೋಯಾ ಗ್ರಾಂಪಸ್ ಏಯ್ಟ್. ಇಷ್ಟು ಉದ್ದದ ಆಟದ ಬದುಕಿನಲ್ಲಿ ಅವರಿಗೆ ಒಂದು ಸಲವೂ ಹಳದಿ ಕಾರ್ಡ್ ತೋರಿಸಲಿಲ್ಲ, ಕೆಂಪು ಕಾರ್ಡಿನ ಮಾತೇ ಇಲ್ಲ. ಎದುರಾಳಿ ರಕ್ಷಕರ ಮೊಣಕೈ ತಿನ್ನುತ್ತಲೇ ಬದುಕುವ ಮುಂಚೂಣಿ ಆಟಗಾರನಿಗೆ ಇದು ಸಣ್ಣ ಸಂಗತಿಯಲ್ಲ. ಕೆರಳಿದರೂ ಬಾಯಿ ಬಿಗಿಹಿಡಿಯುವ ಆ ಸ್ವಭಾವ ಮುಂದೆ ಕ್ಯಾಮೆರಾ ಎದುರು ಬಹಳ ಕೆಲಸಕ್ಕೆ ಬಂತು. ಬಾರ್ಸಿಲೋನಾದಲ್ಲಿದ್ದಾಗ ಸ್ಪ್ಯಾನಿಷ್ ಕಲಿತದ್ದೂ ಅಷ್ಟೇ ಮುಖ್ಯ. ಪರಭಾಷೆಯಲ್ಲಿ ತಪ್ಪಾಡುತ್ತ ಮಾತಾಡಲು ಹೆದರದವನಿಗೆ ಮೈಕಿನ ಭಯ ಅರ್ಧ ಕಡಿಮೆ.

ಜಪಾನಿನಲ್ಲಿ ಕಾಲ್ಬೆರಳ ಗಾಯ ಅವರನ್ನು ಮತ್ತೆ ಮತ್ತೆ ಕಾಡಿತು. 1994ರಲ್ಲಿ ಆಟ ನಿಲ್ಲಿಸಿದರು.

ಹೆಸರಾಂತ ಆಟಗಾರನಿಗೆ ಟಿವಿಯ ಬಾಗಿಲು ತೆರೆಯುವುದು ಕಷ್ಟವಲ್ಲ. ವಿಶ್ಲೇಷಕನಾಗಿ ಕೂತು, ‘ನಾನು ಆಡುತ್ತಿದ್ದಾಗ’ ಎಂದು ಮಾತು ತೆಗೆದರೆ ಒಂದೆರಡು ವರ್ಷ ಜನ ಕೇಳುತ್ತಾರೆ. ಆಮೇಲೆ ಹೊಸದಾಗಿ ನಿವೃತ್ತನಾದ ಇನ್ನೊಬ್ಬ ಬರುತ್ತಾನೆ, ಅವನ ನೆನಪುಗಳು ಇನ್ನೂ ತಾಜಾ. ಲಿನೆಕರ್ ಜಾಣತನ ತೋರಿದ್ದು ಇಲ್ಲಿ. ಅವರಿಗೆ ವಿಶ್ಲೇಷಕನ ಕುರ್ಚಿ ಸಾಲಲಿಲ್ಲ, ನಿರೂಪಕನ ಕುರ್ಚಿ ಬೇಕಿತ್ತು. ಅದಕ್ಕಾಗಿ ಕೆಳಗಿನಿಂದ ಹತ್ತಿದರು. ಮೊದಲು ಬಿಬಿಸಿ ರೇಡಿಯೋ 5 ಲೈವ್. ಆಮೇಲೆ ಶನಿವಾರ ಮಧ್ಯಾಹ್ನದ ‘ಫುಟ್‌ಬಾಲ್ ಫೋಕಸ್’. 1995ರಿಂದ ‘ದೇ ಥಿಂಕ್ ಇಟ್ಸ್ ಆಲ್ ಓವರ್’ ಎಂಬ ಹಾಸ್ಯದ ಕ್ರೀಡಾ ರಸಪ್ರಶ್ನೆ ಕಾರ್ಯಕ್ರಮದಲ್ಲಿ ಕ್ರಿಕೆಟಿಗ ಡೇವಿಡ್ ಗವರ್ ಎದುರು ತಂಡದ ನಾಯಕ. ಅಲ್ಲಿ ವೃತ್ತಿಪರ ಹಾಸ್ಯಗಾರರು ಅವರನ್ನು ಕಿಚಾಯಿಸುತ್ತಿದ್ದರು, ಅವರು ನಕ್ಕು ತಿರುಗಿ ಕೊಡಬೇಕಿತ್ತು. ಆರಂಭದಲ್ಲಿ ಅವರ ಮಾತು ಮರದ ಹಲಗೆಯ ಹಾಗೆ ಬಿಗಿ ಎಂಬ ಟೀಕೆ ಬಂದಿತ್ತು. ಆ ಬಿಗಿ ಸಡಿಲಿಸಿದ್ದು ಈ ಸಣ್ಣ ಸಣ್ಣ ಕಾರ್ಯಕ್ರಮಗಳ ಐದು ವರ್ಷ. 1999ರ ಆಗಸ್ಟ್‌ನಲ್ಲಿ ಆಗಿನ ನಿರೂಪಕ ಡೆಸ್ ಲೈನಮ್ ಐಟಿವಿಗೆ ಹೊರಟು ನಿಂತಾಗ, ಬಿಬಿಸಿ ಆ ಕುರ್ಚಿಯನ್ನು ಲಿನೆಕರ್‌ಗೆ ಕೊಟ್ಟಿತು. ಕೊಟ್ಟದ್ದು ಮೆಕ್ಸಿಕೋದ ಆರು ಗೋಲುಗಳಿಗಲ್ಲ, ಈ ಐದು ವರ್ಷಗಳಿಗೆ.

ನಿರೂಪಕನಿಗೂ ವಿಶ್ಲೇಷಕನಿಗೂ ಇರುವ ವ್ಯತ್ಯಾಸ ನೋಡುಗರಿಗೆ ಸುಲಭವಾಗಿ ಕಾಣುವುದಿಲ್ಲ. ಇಬ್ಬರೂ ಒಂದೇ ಸೋಫಾದ ಮೇಲೆ ಕೂತಿರುತ್ತಾರೆ. ಆದರೆ ನಿರೂಪಕನ ಕಿವಿಯೊಳಗೆ ಪುಟ್ಟದೊಂದು ಇಯರ್‌ಪೀಸ್ ಇರುತ್ತದೆ. ಅದರಲ್ಲಿ ನಿರ್ದೇಶಕರ ಕೊಠಡಿಯ ಮಾತು ನಿಲ್ಲದೆ ಹರಿಯುತ್ತಿರುತ್ತದೆ: ಮುಂದಿನ ದೃಶ್ಯ ಇನ್ನೂ ತಯಾರಾಗಿಲ್ಲ, ಇಪ್ಪತ್ತು ಸೆಕೆಂಡು ಎಳೆಯಿರಿ, ಹತ್ತು, ಒಂಬತ್ತು, ಎಂಟು. ಆ ಎಣಿಕೆ ಕೇಳುತ್ತಲೇ ಎದುರಿಗಿರುವವನ ಮಾತನ್ನೂ ಕೇಳಬೇಕು, ಅದಕ್ಕೆ ತಕ್ಕ ಮುಂದಿನ ಪ್ರಶ್ನೆ ಹುಡುಕಬೇಕು, ಎಣಿಕೆ ಸೊನ್ನೆಗೆ ಬರುವ ಹೊತ್ತಿಗೆ ವಾಕ್ಯವನ್ನು ಸರಿಯಾಗಿ ಮುಗಿಸಬೇಕು, ಮುಖದ ಮೇಲೆ ಇದ್ಯಾವುದೂ ಕಾಣಬಾರದು. ಆಟಗಾರನಾಗಿದ್ದವನಿಗೆ ಇನ್ನೂ ಕಷ್ಟದ ಕೆಲಸ ಒಂದಿದೆ. ತನಗೆ ಉತ್ತರ ಗೊತ್ತಿರುವ ಪ್ರಶ್ನೆಯನ್ನು ಪಕ್ಕದವನಿಗೆ ಕೇಳಿ, ಅವನು ಹೇಳುವವರೆಗೆ ಸುಮ್ಮನಿರುವುದು. ಪೆನಾಲ್ಟಿ ಬಗ್ಗೆ ಲಿನೆಕರ್‌ಗೆ ತಿಳಿಯದ್ದೇನಿದೆ? 1990ರ ವಿಶ್ವಕಪ್‌ನಲ್ಲಿ ಕ್ಯಾಮರೂನ್ ವಿರುದ್ಧ ಎರಡು ಪೆನಾಲ್ಟಿ ಹೊಡೆದು ಇಂಗ್ಲೆಂಡನ್ನು ಸೆಮಿಫೈನಲ್‌ಗೆ ದಾಟಿಸಿದವರು ಅವರೇ. ಆದರೂ ಪಕ್ಕದ ವಿಶ್ಲೇಷಕ ಅಲನ್ ಶಿಯರರ್ ಕಡೆಗೆ ತಿರುಗಿ ಪ್ರಶ್ನೆ ಕೇಳಿ ಕಾಯುತ್ತಿದ್ದರು. ಶಿಯರರ್ ಮಾತು ಹೊಳೆಯುವಂತೆ ಮಾಡುವುದೇ ಅವರ ಪಾಲಿನ ಕೆಲಸವಾಗಿತ್ತು.

ವಿಶ್ಲೇಷಕನ ಕೆಲಸವೂ ಹರಟೆಯಲ್ಲ. ಶನಿವಾರ ಮಧ್ಯಾಹ್ನವೇ ವಿಶ್ಲೇಷಕರು ಸ್ಯಾಲ್ಫರ್ಡ್‌ನ ಬಿಬಿಸಿ ಕಟ್ಟಡಕ್ಕೆ ಬರುತ್ತಾರೆ. ಸಾಲು ಪರದೆಗಳ ಮುಂದೆ ಕೂತು ಒಂದೇ ಹೊತ್ತಿಗೆ ಹಲವು ಪಂದ್ಯ ನೋಡುತ್ತಾರೆ. ಗೋಲು ಬಿದ್ದ ಕ್ಷಣ ಎಲ್ಲರಿಗೂ ಕಾಣುತ್ತದೆ. ಅದಕ್ಕೆ ಹತ್ತು ಸೆಕೆಂಡು ಮೊದಲು ಯಾವ ರಕ್ಷಕ ಎರಡು ಹೆಜ್ಜೆ ತಪ್ಪಿಟ್ಟ ಎಂಬುದನ್ನು ಹುಡುಕುವುದು ಇವರ ಕಸುಬು. ಆ ತುಣುಕನ್ನು ಸಂಕಲನಕಾರರಿಗೆ ಹೇಳಿ ಕತ್ತರಿಸಿಸಿ, ಪರದೆಯ ಮೇಲೆ ಬಾಣ, ವೃತ್ತ ಬರೆಸಿ, ರಾತ್ರಿ ಒಂದೂವರೆ ನಿಮಿಷದಲ್ಲಿ ವಿವರಿಸಬೇಕು.

ಈ ಕಸುಬಿಗೆ ಮೊದಲು ಅಚ್ಚು ಹಾಕಿಕೊಟ್ಟವರು ಲಿವರ್‌ಪೂಲ್‌ನ ಅಲನ್ ಹ್ಯಾನ್ಸೆನ್. ಲಿವರ್‌ಪೂಲ್ ಪರ ಎಂಟು ಲೀಗ್ ಪ್ರಶಸ್ತಿ ಗೆದ್ದ ಈ ರಕ್ಷಕ, 1992ರಿಂದ 2014ರವರೆಗೆ ‘ಮ್ಯಾಚ್ ಆಫ್ ದ ಡೇ’ಯಲ್ಲಿ ಕೂತು, ರಕ್ಷಣೆ ಹೇಗೆ ಕುಸಿಯುತ್ತದೆ ಎಂಬುದನ್ನು ಸಾಮಾನ್ಯ ಜನರಿಗೆ ನೋಡಲು ಕಲಿಸಿದರು. 1995ರ ಆಗಸ್ಟ್‌ನಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಆಸ್ಟನ್ ವಿಲಾ ಎದುರು 3–1ರಿಂದ ಸೋತಾಗ, ಹುಡುಗರನ್ನು ಕಟ್ಟಿಕೊಂಡು ಏನನ್ನೂ ಗೆಲ್ಲಲಾಗದು ಎಂದುಬಿಟ್ಟರು. ಆ ಹುಡುಗರಲ್ಲಿ ಬೆಕಮ್, ಸ್ಕೋಲ್ಸ್, ಗ್ಯಾರಿ ನೆವಿಲ್ ಇದ್ದರು. ಅದೇ ಋತುವಿನಲ್ಲಿ ಲೀಗ್ ಮತ್ತು ಎಫ್‌ಎ ಕಪ್ ಎರಡನ್ನೂ ಗೆದ್ದರು. ಇಷ್ಟು ದೊಡ್ಡ ತಪ್ಪು ಹೇಳಿಯೂ ಹ್ಯಾನ್ಸೆನ್ ಮತ್ತೆ ಹತ್ತೊಂಬತ್ತು ವರ್ಷ ಅದೇ ಕುರ್ಚಿಯಲ್ಲಿದ್ದರು. ವಿಶ್ಲೇಷಕನ ಭವಿಷ್ಯವಾಣಿ ಸುಳ್ಳಾದರೆ ನೋಡುಗ ಕ್ಷಮಿಸುತ್ತಾನೆ, ಕಾರಣ ವಿವರಿಸುವುದು ನಿಂತರೆ ಕ್ಷಮಿಸುವುದಿಲ್ಲ.

ಆ ಹುಡುಗರಲ್ಲೊಬ್ಬರಾದ ಗ್ಯಾರಿ ನೆವಿಲ್ 2011ರಲ್ಲಿ ಆಟ ಬಿಟ್ಟು ಸ್ಕೈ ಸ್ಪೋರ್ಟ್ಸ್ ಸೇರಿದಾಗ ವಿಶ್ಲೇಷಣೆಯ ಮಟ್ಟ ಇನ್ನೊಂದು ಮೆಟ್ಟಿಲು ಏರಿತು. ಸೋಮವಾರ ರಾತ್ರಿಯ ಕಾರ್ಯಕ್ರಮದಲ್ಲಿ ದೊಡ್ಡ ಸ್ಪರ್ಶಪರದೆಯ ಮುಂದೆ ನಿಂತು, ಆಟಗಾರರನ್ನು ಬೆರಳಿನಿಂದ ಸರಿಸುತ್ತ ಅವರು ಕೊಡುತ್ತಿದ್ದ ವಿವರಣೆಗೆ ಮೇಷ್ಟರ ಪಾಠದ ಶಿಸ್ತಿತ್ತು. ಎರಡು ವರ್ಷಕ್ಕೆ ಲಿವರ್‌ಪೂಲ್‌ನ ಜೇಮೀ ಕ್ಯಾರಗರ್ ಜೊತೆಗೂಡಿದರು. ಮೈದಾನದಲ್ಲಿ ಬದ್ಧವೈರಿಗಳಾಗಿದ್ದ ಇಬ್ಬರ ವಾದ ನೋಡಲೆಂದೇ ಜನ ಕೂರುತ್ತಿದ್ದರು. ಇಷ್ಟು ಚೆನ್ನಾಗಿ ಬಲ್ಲವನು ತಂಡವನ್ನೇ ನಡೆಸಬಹುದಲ್ಲ ಎಂಬ ಪ್ರಶ್ನೆ ಬರುವುದು ಸಹಜ. 2015ರ ಡಿಸೆಂಬರ್‌ನಲ್ಲಿ ನೆವಿಲ್ ಸ್ಪೇನಿನ ವೆಲೆನ್ಸಿಯಾ ತಂಡದ ತರಬೇತುದಾರರಾದರು. ನಾಲ್ಕು ತಿಂಗಳು ತುಂಬುವ ಮೊದಲೇ ಕ್ಲಬ್ ಅವರನ್ನು ತೆಗೆದುಹಾಕಿತು. ನೆವಿಲ್ ಸ್ಟುಡಿಯೋಗೆ ಮರಳಿದರು. ಆಟ ಆಡುವುದು, ಆಡಿಸುವುದು, ವಿವರಿಸುವುದು ಬೇರೆ ಬೇರೆ ವಿದ್ಯೆಗಳು ಎನ್ನುವುದಕ್ಕೆ ಇದಕ್ಕಿಂತ ನೇರ ಉದಾಹರಣೆ ಸಿಗುವುದಿಲ್ಲ.

ಇದನ್ನು ಮೊದಲೇ ಅರಿತು ಸಿದ್ಧರಾದವರು ಅಲೆಕ್ಸ್ ಸ್ಕಾಟ್. ಇಂಗ್ಲೆಂಡ್ ಮಹಿಳಾ ತಂಡದ ಪರ 140 ಪಂದ್ಯ ಆಡಿದ, 2007ರ ಯುಇಎಫ್‌ಎ ಮಹಿಳಾ ಕಪ್ ಫೈನಲ್‌ನಲ್ಲಿ ಆರ್ಸೆನಲ್‌ಗೆ ಗೆಲುವಿನ ಗೋಲು ತಂದುಕೊಟ್ಟ ಆಟಗಾರ್ತಿ. ಆಡುವ ದಿನಗಳಲ್ಲೇ ಸ್ಟಾಫರ್ಡ್‌ಷೈರ್ ವಿಶ್ವವಿದ್ಯಾಲಯದಲ್ಲಿ ಕ್ರೀಡಾ ಬರವಣಿಗೆ ಮತ್ತು ಪ್ರಸಾರದ ಪದವಿ ಓದಿದರು. 2018ರ ಪುರುಷರ ವಿಶ್ವಕಪ್‌ಗೆ ಬಿಬಿಸಿಯ ವಿಶ್ಲೇಷಕಿಯಾಗಿ ಹೋದರು. 2021ರಲ್ಲಿ ಲಿನೆಕರ್ ಹಿಂದೆ ಕೂತಿದ್ದ ‘ಫುಟ್‌ಬಾಲ್ ಫೋಕಸ್’ ಕುರ್ಚಿಗೇ ಬಂದರು. ಹೆಣ್ಣಿಗೆ ಫುಟ್‌ಬಾಲ್ ಏನು ಗೊತ್ತು ಎಂಬ ಸಾಮಾಜಿಕ ಜಾಲತಾಣದ ಬೈಗುಳ ಅವರ ಬೆನ್ನು ಬಿಡಲಿಲ್ಲ. 140 ಪಂದ್ಯ ಆಡಿದ ಗಂಡಸಿಗೆ ಈ ಪ್ರಶ್ನೆಯನ್ನು ಯಾರೂ ಕೇಳುವುದಿಲ್ಲ.

ನಮ್ಮಲ್ಲಿ? 2022ರ ಕತಾರ್ ವಿಶ್ವಕಪ್ ವೇಳೆ ಜಿಯೋಸಿನೆಮಾ ಮತ್ತು ಸ್ಪೋರ್ಟ್ಸ್18 ವೇಯ್ನ್ ರೂನಿ, ಲೂಯಿಸ್ ಫಿಗೋ, ರಾಬರ್ಟ್ ಪಿರೆಸ್, ಸೋಲ್ ಕ್ಯಾಂಪ್‌ಬೆಲ್ ಅಂಥ ಘಟಾನುಘಟಿಗಳನ್ನು ವಿಶ್ಲೇಷಣೆಗೆ ಕರೆತಂದವು. ಇಂಗ್ಲಿಷ್, ಹಿಂದಿ, ತಮಿಳು, ಮಲಯಾಳಂ, ಬಂಗಾಳಿಯಲ್ಲಿ ಪ್ರಸಾರವಿತ್ತು, ಕನ್ನಡದಲ್ಲಿ ಇರಲಿಲ್ಲ. ಕ್ರಿಕೆಟ್‌ನಲ್ಲಿ ಈ ಕೊರತೆ ಇಲ್ಲ. 1999ರಲ್ಲಿ ನೈರೋಬಿಯ ಎಲ್‌ಜಿ ಕಪ್‌ನಲ್ಲಿ ಸರಣಿಶ್ರೇಷ್ಠರಾದ ನಮ್ಮ ವಿಜಯ್ ಭಾರದ್ವಾಜ್ ಕನ್ನಡದಲ್ಲಿ ಕ್ರಿಕೆಟ್ ವಿವರಿಸುವುದನ್ನು ಲಕ್ಷಾಂತರ ಜನ ಕೇಳಿದ್ದಾರೆ. ಫುಟ್‌ಬಾಲ್‌ಗೂ ಇಂಥವರು ಬೇಕು. ಬೆಂಗಳೂರಿನ ಆಸ್ಟಿನ್ ಟೌನ್, ಪೆಲೆ ಪ್ರತಿಮೆ ನಿಲ್ಲಿಸಿಕೊಂಡಿರುವ ಗೌತಮಪುರದಂಥ ಕೇರಿಗಳಿಂದ ಬಂದ ಆಟಗಾರರಿಗೆ ಆಟ ಗೊತ್ತು, ಕನ್ನಡವೂ ಗೊತ್ತು. ಮೈಕಿನ ಮುಂದೆ ಒಂದಷ್ಟು ಕಾಲ ಎಡವಲು ಬಿಟ್ಟು ಕಲಿಸುವವರು ಬೇಕು. ಲಿನೆಕರ್‌ಗೆ ಬಿಬಿಸಿ ಕೊಟ್ಟದ್ದು ಅದೇ ಅವಕಾಶ.

ಲಿನೆಕರ್ ಕಥೆಯ ಉತ್ತರಾರ್ಧ ಅಷ್ಟು ಸಲೀಸಲ್ಲ. ಜನಪ್ರಿಯತೆ ಏರಿದ ಕಾಲವಂತೂ ನಿಜ. 2015ರ ಡಿಸೆಂಬರ್‌ನಲ್ಲಿ, ಲೆಸ್ಟರ್ ಸಿಟಿ ಲೀಗ್ ಗೆದ್ದರೆ ಒಳಚಡ್ಡಿಯಲ್ಲೇ ಕಾರ್ಯಕ್ರಮ ನಡೆಸುವೆ ಎಂದು ಟ್ವಿಟರ್‌ನಲ್ಲಿ ಬರೆದರು. ಋತುವಿನ ಆರಂಭದಲ್ಲಿ ಬಾಜಿದಾರರು ಒಂದಕ್ಕೆ ಐದು ಸಾವಿರ ಕೊಡುತ್ತೇವೆ ಎಂದಿದ್ದ ತಂಡ ಗೆದ್ದೇಬಿಟ್ಟಿತು. 2016ರ ಆಗಸ್ಟ್‌ನಲ್ಲಿ ಅವರು ಮಾತು ಉಳಿಸಿಕೊಂಡರು. ಆದರೆ ಬಿಬಿಸಿ ನಡೆಯುವುದು ಮನೆಮನೆಯಿಂದ ವಸೂಲಿಯಾಗುವ ಲೈಸೆನ್ಸ್ ಶುಲ್ಕದಿಂದ. 2017ರಿಂದ ದೊಡ್ಡ ಸಂಬಳಗಳನ್ನು ಬಹಿರಂಗಪಡಿಸಬೇಕಾಗಿ ಬಂತು. ಲಿನೆಕರ್ ಪಡೆಯುತ್ತಿದ್ದ ವಾರ್ಷಿಕ ಹದಿನೇಳೂವರೆ ಲಕ್ಷ ಪೌಂಡ್ ಆಜುಬಾಜಿನ ಮೊತ್ತ ಹೊರಬಿದ್ದ ಮೇಲೆ, ಅವರ ಒಂದೊಂದು ಮಾತಿಗೂ ಜನ ಲೆಕ್ಕ ಕೇಳತೊಡಗಿದರು. 2022ರ ವಿಶ್ವಕಪ್ ಪ್ರಸಾರವನ್ನು ಅವರು ತೆರೆದದ್ದೇ ಕತಾರಿನ ವಲಸೆ ಕಾರ್ಮಿಕರ ಸಾವುಗಳ ಪ್ರಸ್ತಾಪದಿಂದ. ಕೆಲವರು ಮೆಚ್ಚಿದರು, ಕೆಲವರು ಆಟ ತೋರಿಸು ಎಂದರು.

2023ರ ಮಾರ್ಚ್ 7ರಂದು ಬ್ರಿಟಿಷ್ ಸರ್ಕಾರದ ವಲಸೆ ಮಸೂದೆಯನ್ನು ಟೀಕಿಸುತ್ತ, ಅದಕ್ಕೆ ಬಳಸಿದ ಭಾಷೆ 30ರ ದಶಕದ ಜರ್ಮನಿಯ ಭಾಷೆಗಿಂತ ಬೇರೆಯಲ್ಲ ಎಂಬರ್ಥದಲ್ಲಿ ಲಿನೆಕರ್ ಬರೆದರು. ನಿಷ್ಪಕ್ಷಪಾತದ ನಿಯಮ ಮುರಿದಿದ್ದಾರೆಂದು ಬಿಬಿಸಿ ಮಾರ್ಚ್ 10ರಂದು ಅವರನ್ನು ಪಕ್ಕಕ್ಕೆ ಸರಿಸಿತು. ವಿಶ್ಲೇಷಕ ಇಯಾನ್ ರೈಟ್ ತಾನೂ ಬರುವುದಿಲ್ಲ ಎಂದರು, ಶಿಯರರ್ ಹಿಂದೆ ಸರಿದರು, ವೀಕ್ಷಕ ವಿವರಣೆಗಾರರೂ ಹೊರನಡೆದರು. ಮರುದಿನ ಶನಿವಾರ ‘ಮ್ಯಾಚ್ ಆಫ್ ದ ಡೇ’ ನಿರೂಪಕ, ವಿಶ್ಲೇಷಕ, ವಿವರಣೆ ಯಾವುದೂ ಇಲ್ಲದೆ ಬರೀ ಇಪ್ಪತ್ತು ನಿಮಿಷ ಓಡಿತು. ಸೋಮವಾರ ಬಿಬಿಸಿ ಅವರನ್ನು ಮರಳಿ ಕರೆಯಿತು. ಸಾರ್ವಜನಿಕರ ಹಣದಲ್ಲಿ ನಡೆಯುವ ಸಂಸ್ಥೆ ತನ್ನ ಮುಖವಾಣಿಗಳಿಂದ ಸಂಯಮ ಕೇಳುವುದು ತಪ್ಪಲ್ಲ. ಆದರೆ ಕ್ರೀಡಾ ನಿರೂಪಕನಿಗೆ ಆ ಗೆರೆ ಎಲ್ಲಿದೆ ಎಂದು ಮೊದಲೇ ಹೇಳದೆ, ದಾಟಿದ ಮೇಲೆ ತೋರಿಸಿದ್ದು ಬಿಬಿಸಿಯ ತಪ್ಪು.

2025ರ ಮೇ ತಿಂಗಳಲ್ಲಿ ಆದದ್ದು ಬೇರೆ. ಋತುವಿನ ಕೊನೆಗೆ ‘ಮ್ಯಾಚ್ ಆಫ್ ದ ಡೇ’ ಬಿಡುವುದಾಗಿ ಆಗಲೇ ತೀರ್ಮಾನವಾಗಿತ್ತು. ಅಷ್ಟರಲ್ಲಿ ಜಿಯೋನಿಸಂ ಕುರಿತ ಒಂದು ಪೋಸ್ಟನ್ನು ಅವರು ಇನ್‌ಸ್ಟಾಗ್ರಾಂನಲ್ಲಿ ಹಂಚಿಕೊಂಡರು. ಅದರಲ್ಲಿ ಇಲಿಯ ಚಿತ್ರವಿತ್ತು. ನಾಜಿ ಕಾಲದಲ್ಲಿ ಯಹೂದಿಗಳನ್ನು ಹೀಗಳೆಯಲು ಬಳಸಿದ ಚಿಹ್ನೆ ಅದು. ಗಮನಿಸಲಿಲ್ಲ ಎಂದು ಲಿನೆಕರ್ ಅಳಿಸಿಹಾಕಿ ಕ್ಷಮೆ ಕೇಳಿದರು. ಲಕ್ಷಾಂತರ ಜನ ಹಿಂಬಾಲಿಸುವ, ಮಾತೇ ಕಸುಬಾದ ಮನುಷ್ಯ ನೋಡದೆ ಹಂಚಿಕೊಳ್ಳಬಾರದಿತ್ತು. 2026ರ ವಿಶ್ವಕಪ್ ಪ್ರಸಾರಕ್ಕೂ ಉಳಿಯದೆ ಬಿಬಿಸಿಯನ್ನು ಪೂರ್ತಿ ಬಿಟ್ಟರು. ಮೇ 25ರಂದು ಕೊನೆಯ ಕಾರ್ಯಕ್ರಮ.

ಕೈಯಲ್ಲಿ ಇನ್ನೊಂದು ಉದ್ಯಮ ಅಷ್ಟರಲ್ಲೇ ಬೆಳೆದುನಿಂತಿತ್ತು. ಅವರು ಸಹಸ್ಥಾಪಕರಾದ ಗೋಲ್‌ಹ್ಯಾಂಗರ್ ಸಂಸ್ಥೆ ಮೊದಲು ಸಾಕ್ಷ್ಯಚಿತ್ರ ತೆಗೆಯುತ್ತಿತ್ತು, ಆಮೇಲೆ ಪಾಡ್‌ಕಾಸ್ಟ್ ಕಡೆ ಹೊರಳಿತು. ಅದರ ‘ದ ರೆಸ್ಟ್ ಈಸ್ ಹಿಸ್ಟರಿ’, ‘ದ ರೆಸ್ಟ್ ಈಸ್ ಪಾಲಿಟಿಕ್ಸ್’ ಬ್ರಿಟನ್ನಿನ ಅತಿ ಜನಪ್ರಿಯ ಪಾಡ್‌ಕಾಸ್ಟ್‌ಗಳ ಸಾಲಿಗೆ ಸೇರಿದವು. 2023ರಿಂದ ಲಿನೆಕರ್, ಶಿಯರರ್, ಮಂಡಿನೋವಿನಿಂದ 31ಕ್ಕೇ ಆಟ ಬಿಟ್ಟ ಮೈಕಾ ರಿಚರ್ಡ್ಸ್ ಮೂವರೂ ಕೂತು ‘ದ ರೆಸ್ಟ್ ಈಸ್ ಫುಟ್‌ಬಾಲ್’ ನಡೆಸುತ್ತಿದ್ದಾರೆ. ಮೈದಾನದಿಂದ ಬಂದವನು ಈಗ ಪರರ ಕುರ್ಚಿಗೆ ಕಾಯಬೇಕಿಲ್ಲ, ಮೈಕೂ ಅವನದೇ, ಕಂಪನಿಯೂ ಅವನದೇ.

‘ಮ್ಯಾಚ್ ಆಫ್ ದ ಡೇ’ಯಲ್ಲಿ ಲಿನೆಕರ್ ಕೂತ ಜಾಗವನ್ನು 2025ರ ಆಗಸ್ಟ್‌ನಿಂದ ಗ್ಯಾಬಿ ಲೋಗನ್, ಕೆಲ್ಲಿ ಕೇಟ್ಸ್, ಮಾರ್ಕ್ ಚಾಪ್‌ಮನ್ ಹಂಚಿಕೊಂಡಿದ್ದಾರೆ. ಲೋಗನ್ ಲಯಬದ್ಧ ಜಿಮ್ನಾಸ್ಟಿಕ್ಸ್‌ನಲ್ಲಿ ವೇಲ್ಸ್ ಪ್ರತಿನಿಧಿಸಿದವರು, ಕೇಟ್ಸ್ ಲಿವರ್‌ಪೂಲ್ ದಿಗ್ಗಜ ಕೆನ್ನಿ ಡಾಲ್‌ಗ್ಲಿಷ್ ಮಗಳು, ಚಾಪ್‌ಮನ್ ರೇಡಿಯೋದಲ್ಲಿ ಬೆಳೆದವರು. ಮೂವರಲ್ಲಿ ಒಬ್ಬರೂ ವೃತ್ತಿಪರ ಫುಟ್‌ಬಾಲ್ ಆಡಿದವರಲ್ಲ.